ಬಾಳಮ್ಮನ ಒನ್ಸ್ ಮೋರ್ ಕತ್ತರಿಸಿದ್ದು

ಇಳಕಲ್ಲಿನ ಬಸ್ ನಿಲ್ದಾಣದ ಹಿಂದಿನ ಓಣಿಯಲ್ಲಿ ಎಡಕ್ಕೆ ಒಂದು ಬೋರ್ಡು ಕಾಣುತ್ತದೆ: ‘ಬಾಬಣ್ಣ, ಫಿಲಂ ಎಡಿಟರ್’. ಅದರ ಕೆಳಗೆ ಸಣ್ಣ ಅಕ್ಷರದಲ್ಲಿ ‘ಮದುವೆ, ಸೀಮಂತ, ನಾಟಕ, ಶಾಲಾ ವಾರ್ಷಿಕೋತ್ಸವ’ ಎಂದಿದೆ. ದೊಡ್ಡ ಅಕ್ಷರದ್ದು ನನ್ನ ಅಭಿಮಾನ, ಸಣ್ಣ ಅಕ್ಷರದ್ದು ನನ್ನ ಅನ್ನ. ಬೋರ್ಡು ಬರೆಸಿದ ದಿನ ನನ್ನ ಹೆಂಡತಿ ಕಾಳವ್ವ ಸೆರಗು ಸೊಂಟಕ್ಕೆ ಸಿಗಿಸಿಕೊಂಡು ಹೊರಗೆ ಬಂದು, ಮೇಲಿನಿಂದ ಕೆಳಗೆ ಒಮ್ಮೆ ನೋಡಿ, “ದೊಡ್ಡ ಅಕ್ಷರ ಸಣ್ಣ ಅಕ್ಷರ ಅದಲಬದಲ ಆಗ್ಯಾವ” ಎಂದು ಒಳಗೆ ಹೋದಳು.

ನಾನು ಏಳನೆಯ ಇಯತ್ತೆಯವರೆಗೆ ಓದಿದವನು. ಎಡಿಟಿಂಗನ್ನು ಯಾವ ಗುರುವಿನ ಮುಂದೆಯೂ ಕೈಕಟ್ಟಿ ನಿಂತು ಕಲಿತಿಲ್ಲ, ಹೀಗಾಗಿ ನನ್ನ ತಪ್ಪುಗಳೂ ಸ್ವಂತದವೇ. ಇಲ್ಲಿ ಬರೆಯುತ್ತಿರುವುದು ಅವುಗಳಲ್ಲಿ ಎಲ್ಲಕ್ಕಿಂತ ದೊಡ್ಡದನ್ನು. ಗುಳೇದಗುಡ್ಡದ ಬಾಳಮ್ಮ ನಲವತ್ತು ವರ್ಷ ಕಂಪನಿ ನಾಟಕಗಳಲ್ಲಿ ಹಾಡಿದವಳು. ಹೋದ ವರ್ಷ ಗಂಟಲಿನ ಆಪರೇಷನ್ ಆಗಿ ಅವಳ ದನಿ ಹೋಯಿತು. ಅವಳು ಹಾಡಿದ್ದರಲ್ಲಿ ಚಿತ್ರದಲ್ಲಿ ಉಳಿದಿರುವುದು ಒಂದೇ ನಾಟಕ, ಅದು ನನ್ನ ಕಂಪ್ಯೂಟರಿನಲ್ಲಿದೆ. ಅದನ್ನು ನಾನು ಹೇಗೆ ಕೆಡಿಸಿದೆ ಎಂದು ಹೇಳಬೇಕಾದರೆ, ಕೆಡಿಸುವುದನ್ನು ಎಲ್ಲಿ ಕಲಿತೆ ಎಂಬುದನ್ನು ಮೊದಲು ಹೇಳಬೇಕು.

ನಮ್ಮದು ನೇಕಾರರ ಮನೆ. ನಮ್ಮಪ್ಪ ಮಗ್ಗದ ಕುಣಿಯಲ್ಲಿ ಕುಳಿತರೆ ಲಾಳಿ ತಾನೇ ದಾರಿ ಹುಡುಕಿಕೊಂಡು ಓಡುತ್ತಿತ್ತು. ನಾನು ಕುಳಿತರೆ ಎಳೆಗಳು ಒಂದರ ಮೇಲೊಂದು ಬಿದ್ದು ಜಗಳಾಡುತ್ತಿದ್ದವು. ಮೂರು ಸೀರೆ ಕೆಡಿಸಿದ ಮೇಲೆ ಅಪ್ಪ ಬೈಯಲೂ ಇಲ್ಲ, ಹೊಡೆಯಲೂ ಇಲ್ಲ. “ನೀ ಊರ ಮ್ಯಾಲ ತಿರಗು, ಅದರಾಗ ನಮಗೂ ಲಾಭ ಐತಿ” ಎಂದ. ಆಗ ನನಗೆ ಇಪ್ಪತ್ತೊಂದು ತುಂಬಿತ್ತು. ತಿರುಗುತ್ತ ಹುನಗುಂದದ ಟೂರಿಂಗ್ ಟಾಕೀಸಿಗೆ ಬಂದು ಬಿದ್ದೆ.

ಅಲ್ಲಿ ಯಂತ್ರ ನಡೆಸುತ್ತಿದ್ದವನು ಮುರ್ತುಜಸಾಬ. ಆತನ ದೊಡ್ಡ ವೈರಿ ಸಿನಿಮಾ ಅಲ್ಲ, ಮರೋಳಕ್ಕೆ ಹೋಗುವ ಕಡೆಯ ಬಸ್ಸು. ಅದು ಒಂಬತ್ತಕ್ಕೆ ಹೊರಡುತ್ತಿತ್ತು. ಮೊದಲ ಆಟ ಮುಗಿಯುತ್ತಿದ್ದುದು ಒಂಬತ್ತೂವರೆಗೆ. ಬಸ್ಸು ತಪ್ಪುತ್ತದೆ ಎಂದರೆ ಹಳ್ಳಿಯವರು ಆಟಕ್ಕೇ ಬರುವುದಿಲ್ಲ. ಹಳ್ಳಿಯವರು ಬರದಿದ್ದರೆ ಬಯಲಿನ ತುಂಬ ಖಾಲಿ ಬೆಂಚು. ಆದ್ದರಿಂದ ಪ್ರತಿ ಚಿತ್ರದಲ್ಲಿ ಅರ್ಧ ತಾಸು ಮಾಯವಾಗಬೇಕಿತ್ತು. ಮಾಯ ಮಾಡುವವರು ನಾವಿಬ್ಬರು.

“ಲೇ ಬಾಬ್ಯಾ, ಹಾಡು ಕತ್ತರಿಸು, ಬಡದಾಟ ಮುಟ್ಟಬ್ಯಾಡ” ಎಂದು ಮುರ್ತುಜಸಾಬ ಮೊದಲ ದಿನವೇ ಹೇಳಿದ. “ಬಡದಾಟ ಹೋದ್ರ ಮಂದಿ ಕಲ್ಲ ಒಗಿತಾರ. ಹಾಡು ಹೋದ್ರ ಬೀಡಿ ಸೇದತಾರ.”

“ಹೀರೋಯಿನ್ನಿನ ಅವ್ವ ಸಾಯೂದು ಐತಲ್ಲ, ಅದು?”

“ಅಕಿ ಹೆಂಗೂ ಸಾಯಾಕಿನ. ನಾಕು ನಿಮಿಷ ಯಾಕ ತಗೋಬೇಕು?”

ಬ್ಲೇಡಿನಿಂದ ಫಿಲ್ಮಿನ ಮೇಲಿನ ಪೊರೆಯನ್ನು ಕೆರೆದು, ಅಂಟು ಹಚ್ಚಿ, ಎರಡು ತುದಿ ಕೂಡಿಸಿ ಹೆಬ್ಬೆರಳಿನಿಂದ ಒತ್ತಿ ಹತ್ತು ಎಣಿಸಬೇಕು. ಮಗ್ಗದ ಮುಂದೆ ನಡುಗುತ್ತಿದ್ದ ನನ್ನ ಕೈ ಇಲ್ಲಿ ಕಲ್ಲಿನಂತೆ ನಿಂತಿತು. ಹೀಗೆ ನಾನು ಕೂಡಿಸಿ ಹಾಕಿದ ಜೋಡು ಪರದೆಯ ಮೇಲೆ ಹಾದು ಹೋದರೆ ಯಾರ ಕಣ್ಣಿಗೂ ಬೀಳುತ್ತಿರಲಿಲ್ಲ. ಮುರ್ತುಜಸಾಬ ಸಹ ಒಂದೆರಡು ಸಲ ಮೋಸ ಹೋಗಿ, “ಕತ್ತರಿಸಿಲ್ಲೇನಲೇ ಇನ್ನೂ?” ಎಂದು ಕೇಳಿದ್ದುಂಟು. ಮದರಾಸಿನಲ್ಲಿ ದೊಡ್ಡ ದೊಡ್ಡವರು ಕತ್ತರಿಸಿ ಕಳಿಸಿದ್ದನ್ನು ಹುನಗುಂದದಲ್ಲಿ ಏಳನೆಯ ಇಯತ್ತೆಯ ಬಾಬಣ್ಣ ಮತ್ತೆ ಕತ್ತರಿಸುತ್ತಿದ್ದಾನೆ ಎಂದು ನನಗೆ ನಾನೇ ಬೆನ್ನು ಚಪ್ಪರಿಸಿಕೊಳ್ಳುತ್ತಿದ್ದೆ.

ಕತ್ತರಿಸಿದ ತುಂಡುಗಳನ್ನು ಎಸೆಯುವಂತಿರಲಿಲ್ಲ. ರೀಲು ಮುಂದಿನ ಊರಿಗೆ ಹೋಗುವ ಮೊದಲು ಅವನ್ನು ಮತ್ತೆ ಅದರದರ ಜಾಗದಲ್ಲಿ ಸೇರಿಸಬೇಕು. ಒಂದು ಸಲ ಎರಡು ಚಿತ್ರದ ತುಂಡುಗಳು ಒಂದೇ ಡಬ್ಬಿಯಲ್ಲಿ ಬಿದ್ದಿದ್ದವು. ಒಂದರ ಪ್ರಣಯಗೀತೆಯನ್ನು ನಾನು ಇನ್ನೊಂದಕ್ಕೆ ಸೇರಿಸಿ ಗುಳೇದಗುಡ್ಡಕ್ಕೆ ಕಳಿಸಿಬಿಟ್ಟೆ. ಅಲ್ಲಿ ನಾಯಕಿ ಒಬ್ಬನ ಕೂಡ ಜಗಳಾಡಿ ಬಾಗಿಲು ಹಾಕಿಕೊಂಡು, ಮರುಗಳಿಗೆಯಲ್ಲಿ ಇನ್ನಾರೋ ಒಬ್ಬನ ಕೂಡ ಹೂದೋಟದಲ್ಲಿ ಕುಣಿದಳು. ವಾರ ಪೂರ್ತಿ ಆಟ ನಡೆಯಿತು, ಒಬ್ಬರೂ ತಕರಾರು ಮಾಡಲಿಲ್ಲ. ಆಕೆಗೆ ಇಬ್ಬರು ಗಂಡಂದಿರು ಎಂದು ತಿಳಿದುಕೊಂಡು ಮಂದಿ ಮುಂದಿನ ಕಥೆಯನ್ನು ತಾವೇ ಹೊಂದಿಸಿಕೊಂಡಿದ್ದರು. ನೋಡುವವರು ಇಷ್ಟು ದೊಡ್ಡ ಮನಸ್ಸಿನವರಾದರೆ ಎಡಿಟರನಾದವನು ಕೆಡದೆ ಏನು ಮಾಡುತ್ತಾನೆ?

ಟಾಕೀಸು ಮುಚ್ಚಿತು, ಮದುವೆಯ ಕ್ಯಾಸೆಟ್ಟುಗಳು ಬಂದವು, ಆಮೇಲೆ ಕಂಪ್ಯೂಟರು ಬಂತು. ಅದರ ಪುಸ್ತಕ ಇಂಗ್ಲಿಷಿನಲ್ಲಿತ್ತು. ನಾನು ಪ್ರತಿ ಬಟನ್ ಒಂದೊಂದು ಸಲ ಒತ್ತಿ, ಏನಾಯಿತೆಂದು ವಹಿಯಲ್ಲಿ ಬರೆದುಕೊಂಡೆ. ಆ ವಹಿಯಲ್ಲಿ ‘ಇದನ್ನು ಒತ್ತಬಾರದು’ ಎಂಬ ಸಾಲು ಹದಿನೇಳು ಕಡೆ ಇದೆ. ಹೀಗೆ ಒತ್ತುತ್ತ ಒತ್ತುತ್ತ ಪರದೆಯ ಮೇಲೆ ವಧುವನ್ನು ಕಮಲದ ಹೂವಿನಿಂದ ಹೊರಗೆ ತೆಗೆಯುವ ವಿದ್ಯೆ ಕೈಗೆ ಹತ್ತಿತು. ಹುನಗುಂದ ತಾಲ್ಲೂಕಿನಲ್ಲಿ ಹತ್ತು ವರ್ಷ ಒಬ್ಬ ಮದುಮಗಳೂ ಕಮಲದಿಂದಲ್ಲದೆ ಮಂಟಪಕ್ಕೆ ಬರಲಿಲ್ಲ. ಈಗ ಆ ಮದುಮಕ್ಕಳ ಮಕ್ಕಳು ಅದನ್ನು ನೋಡಿ ಹೊಟ್ಟೆ ಹಿಡಿದುಕೊಂಡು ನಗುತ್ತಾರಂತೆ. ನಗಲಿ.

ಬೋರ್ಡಿನ ಮೇಲೆ ‘ಫಿಲಂ ಎಡಿಟರ್’ ಎಂದು ಬರೆಸುವ ಹಕ್ಕು ಬಂದದ್ದು ವಿಕ್ರಮನಿಂದ. ಬಾಗಲಕೋಟೆಯ ಕಾಲೇಜಿನಲ್ಲಿ ಪಾಠ ಮಾಡುವ ಆತ ಬಾದಾಮಿಯಲ್ಲಿ ಒಂದು ಚಿತ್ರ ತೆಗೆದು ನನ್ನ ಕಡೆ ತಂದ. ಅದರಲ್ಲಿ ಬೆಳಗಿನ ಹೊತ್ತಿನ ಅಗಸ್ತ್ಯತೀರ್ಥದ ಹೊಂಡ ನಾಲ್ಕು ನಿಮಿಷ ಸುಮ್ಮನೆ ಬಿದ್ದುಕೊಂಡಿತ್ತು. ಒಂದು ಮಂಗವೂ ಅಡ್ಡ ಬಂದಿರಲಿಲ್ಲ. ನಾನು ಅದನ್ನು ಎಂಟು ಸೆಕೆಂಡಿಗೆ ಇಳಿಸಿದೆ.

“ಬಾಬಣ್ಣನವರ, ನನ್ನ ಹೊಂಡ ಎಲ್ಲಿ ಹೋತು?” ಎಂದು ವಿಕ್ರಮ ಕೇಳಿದ.

“ಐತಲ್ರಿ ಸರ್, ಎಂಟು ಸೆಕೆಂಡ.”

“ಕಣ್ಣು ಮುಚ್ಚಿ ತೆಗಿಯೂದ್ರಾಗ ಮುಗಿದು ಹೋತಲ್ರಿ.”

“ಹೊಂಡ ಎಲ್ಲಿಗೂ ಓಡಿ ಹೋಗಂಗಿಲ್ರಿ. ಬೇಕಾದವ್ರು ಬಾದಾಮಿಗೆ ಹೋಗಿ ನೋಡ್ತಾರ.”

ಆತ ಹೊಂಡವನ್ನು ತಿರುಗಿ ಹಾಕಿಸಿಕೊಂಡ. ಚಿತ್ರ ಬಾದಾಮಿಯಲ್ಲಿ ಮೂರು ದಿನ ನಡೆಯಿತು. ತಮ್ಮ ತಮ್ಮ ಅಂಗಡಿ ಕಂಡಿತೋ ಇಲ್ಲವೋ ಎಂದು ನೋಡಲು ಬಂದ ವ್ಯಾಪಾರಿಗಳು ಹೊಂಡದ ಹೊತ್ತಿಗೆ ಎದ್ದು ಚಹಾಕ್ಕೆ ಹೋದರು. ನಾನು ಗೆದ್ದೆ ಎಂದುಕೊಂಡೆ. ವಿಕ್ರಮ ಮತ್ತೆ ನನ್ನ ಕಡೆ ಬರಲಿಲ್ಲ.

ಈಗ ಬಾಳಮ್ಮನ ಮಾತು.

ಮೂರು ವರ್ಷದ ಕೆಳಗೆ ಇಳಕಲ್ಲಿನಲ್ಲಿ ‘ಅಣ್ಣನ ಅಂಗಡಿ ತಮ್ಮನ ತಕ್ಕಡಿ’ ಎಂಬ ನಾಟಕ ಆಡಿದರು. ಬಾಳಮ್ಮನದು ತಂಗಿಯ ಪಾತ್ರ. ತಂಗಿಗೆ ಅರವತ್ತಾರು, ಅಣ್ಣನ ಪಾತ್ರದವನಿಗೆ ನಲವತ್ತು. ಆದರೆ ಅವಳು ಬಾಯಿ ತೆರೆದ ಮೇಲೆ ಈ ಲೆಕ್ಕ ಯಾರಿಗೂ ನೆನಪಾಗಲಿಲ್ಲ. ಗಂಡನ ಮನೆ ಬಿಟ್ಟು ಬಂದ ತಂಗಿಯನ್ನು ಕಿರಾಣಿ ಅಂಗಡಿಯ ಅಣ್ಣ ಒಳಗೆ ಕರೆಯುವುದಿಲ್ಲ. ಅವಳು ಅಂಗಡಿಯ ಮುಂದೆ ನಿಂತು ಹಾಡುತ್ತಾಳೆ: “ಉಪ್ಪು ತೂಗಿದಿ, ಬೆಲ್ಲ ತೂಗಿದಿ, ನನ್ನ ತೂಗಲಿಲ್ಲೋ ಅಣ್ಣಾ.” ಮಂದಿ ಒನ್ಸ್ ಮೋರ್ ಎಂದು ಕೂಗಿದರು. ಕಂಪನಿ ನಾಟಕದಲ್ಲಿ ಹಾಗೆ ಕೂಗಿದರೆ ಕಥೆ ಅಲ್ಲಿಯೇ ನಿಲ್ಲಬೇಕು, ನಟಿ ಮತ್ತೆ ಹಾಡಬೇಕು. ಅವಳು ಮತ್ತೆ ಹಾಡಿದಳು. ಮತ್ತೆ ಕೂಗಿದರು, ಮೂರನೆಯ ಸಲ ಹಾಡಿದಳು. ನಾನು ಎರಡು ಕ್ಯಾಮೆರಾ ಇಟ್ಟು ಎಲ್ಲವನ್ನೂ ಹಿಡಿದಿದ್ದೆ. ಅದು ಅವಳ ಕಡೆಯ ಆಟವಾಗುತ್ತದೆಂದು ಆಗ ಅವಳಿಗೂ ಗೊತ್ತಿರಲಿಲ್ಲ.

ಈ ವರ್ಷ ಬಾಗಲಕೋಟೆಯಿಂದ ಸತ್ಯಬೋಧ ಮಾಸ್ತರರ ಫೋನು ಬಂತು. ನಿವೃತ್ತ ಹೆಡ್‌ಮಾಸ್ತರರು. ವರ್ಷಕ್ಕೊಮ್ಮೆ ಅಲ್ಲಿನ ನವನಗರದಲ್ಲಿ ಹಳೆಯ ಕಲಾವಿದರನ್ನು ಕರೆಸಿ ಹಾಡಿಸುತ್ತಾರೆ.

“ಬಾಬಣ್ಣನವರ, ಬಾಳಮ್ಮನವರಿಗೆ ಹಾಡ್ಲಿಕ್ಕೆ ಆಗೂದಿಲ್ಲ ಅಂತ ಕೇಳೇನಿ. ಕರಕೊಂಡ ಬಂದು ಸುಮ್ನ ಕೂಡಿಸೂದು ನನಗ ಸರಿ ಕಾಣೂದಿಲ್ಲ. ನಿಮ್ಮ ಹತ್ರ ಆ ನಾಟಕ ಅದಲಾ, ಅದನ್ನ ಹದಿನೈದು ನಿಮಿಷ ಮಾಡಿ ತರ್ರಿ. ಅವರ ಸರತಿ ಬಂದಾಗ ತೋರಸೋಣು.”

“ಹದಿನೈದು ಯಾಕ್ರಿ, ಹದಿನಾಲ್ಕೂವರಿ ಮಾಡ್ತೀನಿ” ಎಂದೆ. ಕಡಿಮೆ ಮಾಡು ಎಂದು ಯಾರಾದರೂ ಹೇಳಿದರೆ ನನಗೆ ಮೈಯಲ್ಲಿ ಹುರುಪು ತುಂಬುತ್ತದೆ.

ಬಾಳಮ್ಮನ ಮಗಳು ಮಹಾನಂದಾಗೆ ಫೋನು ಮಾಡಿ ಹೇಳಿದೆ. ಅವಳು ತಾಯಿಯನ್ನು ಕೇಳಿ ಬಂದು ಹೇಳಿದಳು: “ಆಪರೇಷನ್ ಆದಾಗಿಂದ ಅವ್ವ ಹೊಸ್ತಿಲ ದಾಟಿಲ್ರಿ ಕಾಕಾ. ಯಾರರ ಮಾತಾಡ್ಸಾಕ ಬಂದ್ರ ಒಳಗ ಹೋಗಿ ಕುಂಡ್ರತಾಳ. ಮಂದಿ ನನ್ನ ನೋಡೂದು ಬ್ಯಾಡ, ಕೇಳಿದ್ರ ಸಾಕು ಅಂತಾಳ. ಈ ಸಿನಿಮಾ ತೋರಸತಾರಂದ್ರ ಬರ್ತೇನಿ ಅಂದಾಳ. ನೀವ ಚೊಲೋ ಮಾಡ್ರಿ.”

ಚೆನ್ನಾಗಿ ಮಾಡಿದೆ. ಅಂದರೆ ನನಗೆ ಹಾಗೆನ್ನಿಸಿತು. ಮೂರು ತಾಸಿನ ನಾಟಕವನ್ನು ಹದಿನಾಲ್ಕೂವರೆ ನಿಮಿಷಕ್ಕೆ ಇಳಿಸಿದೆ. ಅಣ್ಣತಮ್ಮಂದಿರ ಜಗಳ ಇತ್ತು, ಹಾಸ್ಯ ಇತ್ತು, ಹಾಡು ಇತ್ತು, ಕಡೆಯಲ್ಲಿ ಎಲ್ಲರೂ ಒಂದಾಗುವುದೂ ಇತ್ತು. ಒಂದು ಜೋಡು ಸಹ ಎದ್ದು ಕಾಣುವಂತಿರಲಿಲ್ಲ. ಕಾರ್ಯಕ್ರಮ ಶನಿವಾರ ಇತ್ತು, ಅದಕ್ಕೂ ಮೊದಲು ಮಂಗಳವಾರ ತಾಯಿ ಮಗಳು ನೋಡಲು ಬಂದರು. ಬಾಳಮ್ಮ ಕೊರಳಿಗೆ ಸೆರಗು ಸುತ್ತಿಕೊಂಡಿದ್ದಳು. ಈಗ ಅವಳ ಬಾಯಿಂದ ಬರುವುದು ಬರಿ ಉಸಿರು. ಕಿವಿ ಹತ್ತಿರ ಒಯ್ದರೆ ಮಾತ್ರ ಅದು ಮಾತು. ಮಹಾನಂದಾ ಕೇಳಿಸಿಕೊಂಡು ನಮಗೆ ಹೇಳುತ್ತಾಳೆ.

ಕಾಳವ್ವ ಚಹಾ ಕೊಟ್ಟಳು. ನಾನು ಕುರ್ಚಿಯಲ್ಲಿ ಅಗಲವಾಗಿ ಕುಳಿತು ಚಿತ್ರ ಹಚ್ಚಿದೆ. ಹಾಡು ಬಂತು, ಮುಗಿಯಿತು. ಕೂಡಲೇ ಅಣ್ಣನ ಮಾತು ಸುರುವಾಯಿತು. ಬಾಳಮ್ಮ ಕೈ ಎತ್ತಿದಳು, ಮಗಳ ಕಿವಿಯಲ್ಲಿ ಏನೋ ಹೇಳಿದಳು.

“ಉಳಿದದ್ದು ಎಲ್ಲಿ ಅಂತ ಕೇಳ್ತಾಳ ಕಾಕಾ.”

“ಯಾವ ಉಳಿದದ್ದು?”

“ಮೂರು ಸಲ ಹಾಡ್ಯಾಳಲ್ರಿ.”

“ಅದ ಹಾಡು ಅಲ್ಲೇನವಾ ಅದು? ಒಂದ ಸಲ ಐತಿ, ಸಾಕಲ್ಲ. ತಿರುಗಿ ಅದನ್ನ ಹಾಕಿದ್ರ ಮಂದಿ ಬ್ಯಾಸರಾ ಮಾಡ್ಕೊಂತಾರ.”

ಬಾಳಮ್ಮ ಮತ್ತೆ ಉಸಿರಿದಳು. ಮಹಾನಂದಾ ಹೇಳಲೋ ಬೇಡವೋ ಎಂದು ನನ್ನ ಮುಖ ನೋಡಿದಳು. “ಅದ ಹಾಡು ಅಲ್ಲಂತ. ನಿಮಗ ಕಿವಿ ಸರಿಯಾಗಿ ಕೇಳ್ತಾವ ಇಲ್ಲೋ ಅಂತಾಳ.”

ನನಗೆ ರೇಗಿತು. ಎಡಿಟಿಂಗ್ ಎಂದರೆ ಏನು, ಒಮ್ಮೆ ಹೇಳಿದ್ದನ್ನು ಎರಡನೆಯ ಸಲ ಹೇಳಿದರೆ ಚಿತ್ರ ಹೇಗೆ ಜೋತು ಬೀಳುತ್ತದೆ, ನಾನು ಎಷ್ಟು ದೊಡ್ಡವರ ಹಾಡುಗಳನ್ನು ಕತ್ತರಿಸಿದವನು ಎಂದು ಉಪದೇಶ ಸುರು ಮಾಡಿದೆ. ಚಿತ್ರ ನಿಲ್ಲಿಸುವುದು ಮರೆತಿತ್ತು. ನನ್ನ ಬೆನ್ನ ಹಿಂದೆ ಅದು ತನ್ನ ಪಾಡಿಗೆ ಓಡುತ್ತಿತ್ತು. ಮೂವರು ಹೆಂಗಸರ ಕಣ್ಣು ನನ್ನನ್ನು ಬಿಟ್ಟು ಹಿಂದೆ ಹೋದದ್ದು ನೋಡಿ ನಾನೂ ತಿರುಗಿದೆ. ಪರದೆಯ ಮೇಲೆ ನಾನೇ ಇದ್ದೆ. ಆ ದಿನ ನಾಟಕದ ನಡುವೆ ಊರ ಹಿರಿಯರು ನನ್ನನ್ನು ‘ಹಿರಿಯ ಚಿತ್ರ ಸಂಕಲನಕಾರ’ ಎಂದು ವೇದಿಕೆಗೆ ಕರೆದು ಶಾಲು ಹೊದಿಸಿದ್ದರು. ನಾನು ಮೈಕು ಹಿಡಿದು ಎರಡು ಮಾತು ಆಡಿದ್ದೆ. ಅದನ್ನೂ ಆ ಹದಿನಾಲ್ಕೂವರೆಯಲ್ಲಿ ಹಾಕಿದ್ದೆ.

ಬಾಳಮ್ಮ ಪರದೆಯ ಕಡೆ ಬೆರಳು ಮಾಡಿದಳು.

“ಇದು ಎಷ್ಟೊತ್ತು ಐತಿ ಅಂತ.”

“ಇದೇನ... ಎರಡು ನಿಮಿಷ ಹತ್ತು ಸೆಕೆಂಡ.”

“ಇದರಾಗ ಅವ್ವ ಎಲ್ಲಿ ಅದಾಳ್ರಿ ಕಾಕಾ?”

“ಅಕಿ ಪರದೆ ಹಿಂದ ಇದ್ಲು. ಸೀರಿ ಬದಲಿ ಮಾಡಾಕ ಹೋಗಿದ್ಲು.”

ಪರದೆಯ ಮೇಲಿನ ಬಾಬಣ್ಣ ಇನ್ನೂ ಮೈಕು ಬಿಡಲೊಲ್ಲ. ಕಾಳವ್ವ ಕಪ್ಪುಗಳನ್ನು ತಟ್ಟೆಯಲ್ಲಿ ಇಡುತ್ತ, “ಆ ಶಾಲಿನ ಸಿನಿಮಾ ನಮ್ಮನ್ಯಾಗ ದಿನಾ ಎರಡ ಆಟ ನಡೀತೈತಿ ತಗೋ ತಂಗಿ” ಎಂದಳು.

ನಾಟಕ ನಡೆದ ಜಾಗ ನೋಡುವವರಿಗೆ ತಿಳಿಯಲಿ ಎಂದು ಅದನ್ನು ಇಟ್ಟಿದ್ದೇನೆ ಎಂದೆ. ನನ್ನ ಮಾತು ನನಗೇ ನಂಬಲು ಆಗಲಿಲ್ಲ. ಬಾಳಮ್ಮ ಎದ್ದು ನಿಂತಳು. ಈ ಸಲ ಮಗಳ ಕಿವಿಗೆ ಬಗ್ಗಲಿಲ್ಲ, ನನ್ನ ಹತ್ತಿರ ಬಂದು ನನ್ನ ಕಿವಿಯಲ್ಲೇ ಹೇಳಿದಳು: “ನಾ ಶನಿವಾರ ಬರಂಗಿಲ್ಲ.”

ಅವರು ಹೋದ ಮೇಲೆ ಕಾಳವ್ವ ನನ್ನ ಕೂಡ ಮಾತು ಬಿಟ್ಟಳು. ನನಗೆ ಸಿಟ್ಟು ಇಳಿಯಲಿಲ್ಲ. ಅದೇ ಹಾಡು ಅಲ್ಲವಂತೆ. ಅದೇ ಹಾಡು ಹೌದೆಂದು ತೋರಿಸಿಯೇ ತೀರುತ್ತೇನೆ ಎಂದು ಮರುದಿನ ಮುಂಜಾನೆ ಕುಳಿತೆ. ಮೂರು ಸಲ ಹಾಡಿದ್ದನ್ನೂ ಮೂಲದಿಂದ ತೆಗೆದು ಪರದೆಯಲ್ಲಿ ಒಂದರ ಕೆಳಗೊಂದು ಇಟ್ಟೆ. ದನಿಯ ಏರಿಳಿತ ತೋರಿಸುವ ಗೆರೆಗೆ ಗೆರೆ ಕೂಡಿದರೆ ಗೆದ್ದೆ. ಅದನ್ನು ಮಹಾನಂದಾಗೆ ಕಳಿಸಿ ‘ನಿಮ್ಮವ್ವಗ ತೋರಿಸು’ ಎನ್ನುವುದೆಂದು ಮಾತು ಸಹ ಹೊಂದಿಸಿ ಇಟ್ಟಿದ್ದೆ.

ಗೆರೆಗಳು ಮೊದಲ ಸಾಲಿನಲ್ಲೇ ಬೇರೆಯಾದವು. ಇದೇನು ಎಂದು ಕಿವಿಗೆ ಹೆಡ್‌ಫೋನು ಹಾಕಿಕೊಂಡೆ.

ಮೊದಲ ಸಲ ಬಾಳಮ್ಮ ಅಣ್ಣನ ಮುಖಕ್ಕೆ ಹಾಡುತ್ತಾಳೆ. ‘ತೂಗಲಿಲ್ಲೋ’ ಎನ್ನುವಾಗ ಕೈ ತಕ್ಕಡಿಗೆ ತಾಗಿ ಅದರ ಸರಪಳಿ ಝಣ್ ಎನ್ನುತ್ತದೆ. ಅದರಲ್ಲಿ ಸಿಟ್ಟು ಇದೆ. ಎರಡನೆಯ ಸಲ ಅವಳು ಅಣ್ಣನಿಗೆ ಬೆನ್ನು ತಿರುಗಿಸಿ ಕುಳಿತ ಮಂದಿಯ ಕಡೆ ಹಾಡುತ್ತಾಳೆ, ನೀವಾದರೂ ಹೇಳಿರಿ ಎಂಬಂತೆ. ‘ಅಣ್ಣಾ’ ಎಂಬುದನ್ನು ಎಳೆದು ಎಳೆದು ಕಡೆಯ ಬೆಂಚಿನವರೆಗೆ ಒಯ್ಯುತ್ತಾಳೆ. ಮೂರನೆಯ ಸಲ ಅಂಗಡಿಯ ಕಟ್ಟೆಯ ಮೇಲೆ ಕುಳಿತುಬಿಡುತ್ತಾಳೆ. ಹಾರ್ಮೋನಿಯಂ ಪೇಟಿ ನುಡಿಸುವ ಲಾಡಸಾಬ ಪೇಟಿಯ ಮೇಲಿನಿಂದ ಕೈ ತೆಗೆಯುತ್ತಾನೆ. ಅವಳು ತನಗೆ ತಾನೇ ಹಾಡಿಕೊಳ್ಳುತ್ತಾಳೆ, ಹಾಡು ಮಾತಿಗಿಂತ ಸಣ್ಣದಾಗುತ್ತದೆ, ‘ಅಣ್ಣಾ’ ಎಂಬುದನ್ನು ಅನ್ನುವುದೇ ಇಲ್ಲ. ನಾಲಿಗೆಯ ತುದಿಗೆ ತಂದು ನುಂಗಿಬಿಡುತ್ತಾಳೆ. ಹಿಂದೆ ಅಣ್ಣನ ಪಾತ್ರದವನು ತನ್ನ ಮುಂದಿನ ಮಾತು ಮರೆತು ಧೋತರದ ಚುಂಗು ಕಣ್ಣಿಗೆ ಒತ್ತಿಕೊಂಡದ್ದು ಎರಡನೆಯ ಕ್ಯಾಮೆರಾದಲ್ಲಿ ಇದೆ. ಕ್ಯಾಮೆರಾದ ಹಿಂದೆ ಆ ದಿನ ನಾನೇ ನಿಂತಿದ್ದೆ. ಆಗ ನನ್ನ ತಲೆಯಲ್ಲಿ ಮುಂದೆ ಹೆಗಲ ಮೇಲೆ ಬೀಳಲಿದ್ದ ಶಾಲೇ ಇತ್ತೇನೋ.

ಹೆಡ್‌ಫೋನು ತೆಗೆದಾಗ ಓಣಿಯ ಪವರ್‌ಲೂಮುಗಳ ಸದ್ದು ಒಮ್ಮೆಲೇ ಕಿವಿಗೆ ಹೊಕ್ಕಿತು. ಕಾಳವ್ವ ಬಾಗಿಲಲ್ಲಿ ನಿಂತಿದ್ದಳು. “ಏನ, ಅದ ಹಾಡು ಹೌದೋ ಅಲ್ಲೋ?” ಎಂದು ಕೇಳಿದಳು. ಮಾತು ಬಿಟ್ಟವಳು ತಿರುಗಿ ಬಾಯಿ ತೆರೆದದ್ದು ಇದಕ್ಕೆ.

“ಅಲ್ಲ” ಎಂದೆ.

ಮೂರೂ ಸಲದ ಹಾಡು ಇಡಬೇಕೆಂದರೆ ಹತ್ತು ನಿಮಿಷ ಬೇಕು. ಅದಕ್ಕೂ ಮೊದಲು ತಂಗಿ ಯಾಕೆ ಬಂದಳು, ಅಣ್ಣ ಏನಂದ ಎಂಬುದಕ್ಕೆ ನಾಲ್ಕು. ಹಾಸ್ಯ ತೆಗೆದೆ. ಅಣ್ಣತಮ್ಮಂದಿರ ಜಗಳ ತೆಗೆದೆ. ಕಡೆಗೆ ಎಲ್ಲರೂ ಒಂದಾಗುವುದನ್ನೂ ತೆಗೆದೆ. ಇವೆಲ್ಲ ಸರಸರ ಹೋದವು. ಶಾಲು ಉಳಿಯಿತು. ಅದನ್ನು ಹಿಂದಕ್ಕೆ ಸರಿಸಿ ನೋಡಿದೆ, ಮುಂದಕ್ಕೆ ಸರಿಸಿ ನೋಡಿದೆ, ಇಪ್ಪತ್ತು ಸೆಕೆಂಡಿಗೆ ಇಳಿಸಿ ನೋಡಿದೆ. ಶಾಲು ಬೀಳುವ ಒಂದು ಗಳಿಗೆ ಮಾತ್ರ ಇಟ್ಟರೆ ಯಾರಿಗೆ ಏನು ತೊಂದರೆ ಎಂದು ಕಂಪ್ಯೂಟರಿನ ಕೂಡ ವಾದ ಮಾಡಿದೆ. ಹೀರೋಯಿನ್ನಿನ ತಾಯಿಯನ್ನು ನಾಲ್ಕು ನಿಮಿಷ ಮೊದಲೇ ಮುಗಿಸಿದ ಕೈ ಇದು, ತನ್ನ ಇಪ್ಪತ್ತು ಸೆಕೆಂಡು ಅಳಿಸಲು ಮಧ್ಯಾಹ್ನದ ಊಟದವರೆಗೆ ಒದ್ದಾಡಿತು. ಊಟ ಮಾಡಿ ಬಂದು ಅಳಿಸಿದೆ.

ಗುರುವಾರ ಲ್ಯಾಪ್‌ಟಾಪನ್ನು ಚೀಲದಲ್ಲಿ ಹಾಕಿಕೊಂಡು ಗುಳೇದಗುಡ್ಡಕ್ಕೆ ಹೋದೆ. ಬಾಳಮ್ಮನ ಮನೆಯ ಪಡಸಾಲೆಯಲ್ಲಿ ಕುಪ್ಪಸದ ಖಣ ನೇಯುವ ಮಗ್ಗ. ಮಹಾನಂದಾ ಮಗ್ಗ ನಿಲ್ಲಿಸಿ ಮಣೆ ಹಾಕಿದಳು. ಬಾಳಮ್ಮ ಒಳಗೆ ಹೋಗುವವಳಿದ್ದಳು.

“ಬಾಳಮ್ಮ, ನಂದು ತಪ್ಪಾಗೇತಿ. ಅದ ಹಾಡು ಅಲ್ಲ” ಎಂದೆ. ಇಂಥ ಮಾತು ಆಡಿ ನನಗೆ ರೂಢಿಯಿಲ್ಲ, ಆಡಿದವನೇ ಲ್ಯಾಪ್‌ಟಾಪ್ ತೆರೆದು ಚಿತ್ರ ಹಚ್ಚಿದೆ.

ಅವಳು ಗೋಡೆಗೆ ಒರಗಿ ಕುಳಿತು ಪೂರ್ತಿ ನೋಡಿದಳು. ಮೂರನೆಯದು ಬಂದಾಗ ಅವಳ ತುಟಿ ಅಲುಗಾಡುತ್ತಿತ್ತು. ಮುಗಿದ ಮೇಲೆ ಮಗಳ ಕಡೆ ವಾಲಿದಳು.

“ಶನಿವಾರ ಬಾಗಲಕೋಟಿಗೆ ಎಷ್ಟು ಗಂಟೇಕ ಹೋಗೂದು ಅಂತ ಕೇಳ್ತಾಳ” ಎಂದಳು ಮಹಾನಂದಾ.

ಶನಿವಾರ ನವನಗರದ ಸಭಾಭವನದಲ್ಲಿ ಇನ್ನೂರು ಮಂದಿ ಇದ್ದರು. ಬಾಳಮ್ಮ ಮುಂದಿನ ಸಾಲಿನಲ್ಲಿ ಮಗಳ ಪಕ್ಕದಲ್ಲಿ ಕುಳಿತಳು. ಲಾಡಸಾಬನೂ ಕಲಾದಗಿಯಿಂದ ಬಂದಿದ್ದ. ನಾನು ವೇದಿಕೆಯ ಮಗ್ಗುಲಲ್ಲಿ ಲ್ಯಾಪ್‌ಟಾಪ್ ಮುಂದಿಟ್ಟುಕೊಂಡಿದ್ದೆ. ಒಬ್ಬೊಬ್ಬರೇ ಹಿರಿಯರು ಬಂದು ಹಾಡಿದರು, ಮಂದಿ ಮರ್ಯಾದೆಗೆ ಚಪ್ಪಾಳೆ ತಟ್ಟಿದರು, ಫೋನು ನೋಡಿದರು. ಬಾಳಮ್ಮನ ಸರತಿ ಬಂದಾಗ ದೀಪ ಆರಿಸಿದರು.

ಮೊದಲ ಸಲದ ಹಾಡು ಮುಗಿದು ಪರದೆಯ ಮೇಲಿನ ಮಂದಿ ಒನ್ಸ್ ಮೋರ್ ಎಂದು ಕೂಗಿದಾಗ ಸಭಾಭವನದಲ್ಲಿ ಯಾರೋ ನಕ್ಕರು. ಎರಡನೆಯದು ಸುರುವಾಯಿತು. ಸತ್ಯಬೋಧ ಮಾಸ್ತರರು ಬಗ್ಗಿಕೊಂಡು ನನ್ನ ಹತ್ತಿರ ಬಂದರು.

“ಬಾಬಣ್ಣನವರ, ಏನಿದು, ಸಿಕ್ಕೊಂಡದೇನು? ಅದ ತಿರುಗಿ ಬರ್ಲಿಕತ್ತದ.”

“ಇಲ್ರಿ ಮಾಸ್ತರ. ಮಂದಿ ಕೇಳ್ಯಾರ, ಹಾಡಾಕತ್ತಾಳ. ನೀವ ಕುಂಡ್ರಿ.”

“ಹದಿನೈದು ನಿಮಿಷರಿ.”

“ಹದಿನಾಲ್ಕ ಐತ್ರಿ. ಕುಂಡ್ರಿ.”

ಮಂದಿ ಬೇಸರ ಮಾಡಿಕೊಂಡರೆ ಇವಳು ಮತ್ತೆ ಹೊಸ್ತಿಲು ದಾಟುವುದಿಲ್ಲ, ಹೊಣೆ ನನ್ನದು. ಕತ್ತಲಲ್ಲಿ ಎಷ್ಟು ಫೋನುಗಳು ಬೆಳಗುತ್ತಿವೆ ಎಂದು ಎಣಿಸಿದೆ. ಎಂಟು ಇದ್ದವು. ಮೂರನೆಯ ಸಲಕ್ಕೆ ಎರಡು ಇದ್ದವು. ಬಾಳಮ್ಮ ಕಟ್ಟೆಯ ಮೇಲೆ ಕುಳಿತು, ಪೇಟಿ ನಿಂತು, ಆ ‘ಅಣ್ಣಾ’ ಬರದೆ ಹೋದಾಗ ಒಂದೂ ಇರಲಿಲ್ಲ. ಮಾಸ್ತರರು ನಿಂತಲ್ಲಿಯೇ ನಿಂತಿದ್ದರು, ಕೂಡುವುದು ಮರೆತಿದ್ದರು.

ಪರದೆಯ ಮೇಲಿನ ಬಾಳಮ್ಮ ಎದ್ದು ನೆಲ ಮುಟ್ಟಿ ಹಣೆಗೆ ಒತ್ತಿಕೊಂಡಳು. ಅದೇ ಗಳಿಗೆಗೆ ಮುಂದಿನ ಸಾಲಿನಲ್ಲಿ ಕುಳಿತ ಬಾಳಮ್ಮನೂ ಎದ್ದು, ಮಂದಿಯ ಕಡೆ ತಿರುಗಿ, ನೆಲ ಮುಟ್ಟಿ ಹಣೆಗೆ ಒತ್ತಿಕೊಂಡಳು. ಚಪ್ಪಾಳೆ ಬಿತ್ತು. ಪರದೆಯ ಮಂದಿಯದು ಎಲ್ಲಿ ಮುಗಿದು ಸಭಾಭವನದ್ದು ಎಲ್ಲಿ ಸುರುವಾಯಿತು ಎಂದು ಐವತ್ತು ವರ್ಷ ಜೋಡು ಹಾಕಿದ ನನಗೇ ಗೊತ್ತು ಹತ್ತಲಿಲ್ಲ. ಲಾಡಸಾಬ ಕುಳಿತಲ್ಲಿಂದಲೇ ಒನ್ಸ್ ಮೋರ್ ಎಂದು ಕೂಗಿದ. ಅವನ ಹಿಂದೆ ಇನ್ನಿಬ್ಬರು, ಆಮೇಲೆ ಅರ್ಧ ಸಭಾಭವನ.

ಮಾಸ್ತರರು ನನ್ನ ಕಡೆ ನೋಡಿ, ಹಾಕ್ರಿ ಎಂದು ಕೈ ಮಾಡಿದರು. ಗಡಿಯಾರ ನೋಡಲಿಲ್ಲ. ಮಾಡಿದ್ದನ್ನು ತಿರುಗಿ ತೋರಿಸು ಎಂದು ನನ್ನ ಜೀವಮಾನದಲ್ಲಿ ಕೇಳಿಸಿಕೊಂಡದ್ದು ಅದೇ ಮೊದಲು. ಖುಷಿಯಿಂದ ಹಿಂದಕ್ಕೆ ತಿರುಗಿಸಿ ಬೆರಳನ್ನು ಬಟನ್ ಮೇಲೆ ಇಟ್ಟೆ. ಬಾಳಮ್ಮ ನನ್ನನ್ನೇ ನೋಡುತ್ತಿದ್ದಳು.

ಬೇಡ ಎಂದು ತಲೆ ಅಲುಗಾಡಿಸಿದಳು.

ನಾನು ಬೆರಳು ತೆಗೆದೆ. ದೀಪ ಹತ್ತಿದವು. ಆಮೇಲೆ ಅರ್ಧ ತಾಸು ಅವಳನ್ನು ಮಂದಿ ಸುತ್ತುವರಿದಿದ್ದರು. ಅವಳು ಒಳಗೆ ಓಡಲಿಲ್ಲ. ಒಬ್ಬೊಬ್ಬರ ಕಿವಿಗೂ ಬಾಯಿ ಹತ್ತಿರ ಒಯ್ದು ಏನೇನೋ ಹೇಳುತ್ತಿದ್ದಳು. ಅದನ್ನು ಕೇಳಲು ಅವರು ಕತ್ತು ಬಗ್ಗಿಸಿ ಸಾಲು ನಿಂತಿದ್ದರು. ನಾನೂ ಸಾಲಿನಲ್ಲಿ ನಿಂತು ನನ್ನ ಸರತಿ ಬಂದಾಗ ಕೇಳಿದೆ: “ಯಾಕ ಬ್ಯಾಡಂದಿ ಬಾಳಮ್ಮ? ಇಷ್ಟ ಮಂದಿ ಕೇಳಾಕತ್ತಿದ್ರು.”

“ಮೂರು ಸಾಕು ಬಾಬಣ್ಣ” ಎಂದು ಉಸಿರಿದಳು. “ನಾಲ್ಕನೇದು ಹಾಡಿದ್ರ ನಾಟಕದ ತಂಗಿ ಸಾಯ್ತಾಳ, ಬರೆ ಬಾಳಮ್ಮ ಉಳೀತಾಳ. ಎಲ್ಲಿ ಬಿಡಬೇಕು ಅನ್ನೂದು ಗೊತ್ತಿರಬೇಕಲ್ಲ.”

ಇದನ್ನು ಅವಳು ಕಲಿಸುವ ಧಾಟಿಯಲ್ಲಿ ಹೇಳಲಿಲ್ಲ, ಉಪ್ಪು ಎಷ್ಟು ಹಾಕಬೇಕು ಎಂದು ಹೇಳುವ ಹಾಗೆ ಹೇಳಿದಳು. ನನ್ನ ಹಿಂದೆ ಸಾಲಿನಲ್ಲಿ ನಿಂತಿದ್ದ ಹೆಣ್ಣುಮಗಳು ಸರಿಯಿರಿ ಎಂದಳು. ನಾನು ಸರಿದೆ.